ಕಪಿಲೆ ಬಿಚ್ಚಿದ ಬಾವಿ

ನಮ್ಮಪ್ಪ ಒಂದು ಮೊಳ ಹಗ್ಗವನ್ನೂ ಬೇರೆಯವರಿಗೆ ಬಿಟ್ಟುಕೊಡುವ ಮನುಷ್ಯನಲ್ಲ. ಐವತ್ತರ ದಶಕದ ಕೊನೆಯಲ್ಲಿ, ಕ್ಯಾಸಂಬಳ್ಳಿ ಕಡೆಯ ನಮ್ಮ ಹೊಲದಲ್ಲಿ ರಸ್ತೆ ಹಾಯುತ್ತದೆ, ಬಾವಿಯಿರುವ ಪಟ್ಟಿ ಸರ್ಕಾರಕ್ಕೆ ಸೇರುತ್ತದೆ ಎಂದು ನೋಟೀಸು ಬಂತು. ಎತ್ತು ಕಟ್ಟಿ ನೀರೆತ್ತುವ ಕಪಿಲೆಯನ್ನು ಅಪ್ಪ ಆ ವಾರವೇ ಬಿಚ್ಚಿ, ಕಂಬ, ರಾಟೆ, ಹಗ್ಗ, ತೊಗಲಿನ ಚೀಲ ಎಲ್ಲವನ್ನೂ ಕೊಟ್ಟಿಗೆಗೆ ಸಾಗಿಸಿಬಿಟ್ಟ. ಅದೇ ಮುಳುವಾಯಿತು. ಅಳತೆಗೆ ಬಂದ ಅಧಿಕಾರಿ ಬೋಳು ಬಾವಿಯನ್ನು ಬಗ್ಗಿ ನೋಡಿ, ಪಾಳು ಬಾವಿ ಎಂದು ಬರೆಸಿ ಹೊರಟುಹೋದ. ಪರಿಹಾರದಲ್ಲಿ ಬಾವಿಗೆ ಬೆಲೆಯೇ ಇರಲಿಲ್ಲ.

ನಾನಾಗ ಗಂಡ ತೀರಿಕೊಂಡು ತವರಿಗೆ ಬಂದವಳು. ಆ ನೀರಲ್ಲಿ ಬೆಳೆದ ಬದನೆ, ಸೊಪ್ಪನ್ನು ರಾಬರ್ಟ್‌ಸನ್‌ಪೇಟೆಗೆ ಹೊತ್ತು ಮಾರುತ್ತಿದ್ದೆ. ಉಳಿದ ಹೊಲದಲ್ಲಿ ಹೊಸ ಬಾವಿ ತೋಡಿಸುವಷ್ಟು ಪರಿಹಾರ ಬರದಿದ್ದರೆ ನನ್ನ ಅನ್ನಕ್ಕೆ ಕಲ್ಲು ಬಿದ್ದಂತೆಯೇ. ಅಪ್ಪನ ಮುಖ ಕಂಡರೆ ಮೈಯೆಲ್ಲ ಉರಿಯುತ್ತಿತ್ತು.

ಬಂಗಾರಪೇಟೆಯ ವಕೀಲರು ಹೇಳಿದರು: “ದುಡ್ಡು ತಗೊಳ್ಳಿ. ಆದ್ರೆ ಒಪ್ಪಿಗೆಯಿಲ್ಲ, ಆಕ್ಷೇಪಣೆ ಇಟ್ಕೊಂಡೇ ತಗೊಂಡೆ ಅಂತ ಬರೆಸದೆ ಹೆಬ್ಬೆಟ್ಟು ಒತ್ತಬೇಡಿ. ಒತ್ತಿದ್ರೆ ಕೋರ್ಟಿನ ಬಾಗಿಲು ಮುಚ್ಚಿದ ಹಾಗೆ.”

ಹಾಗೆಯೇ ಬರೆಸಿದೆವು. ಬಾವಿಗೂ ಬೆಲೆ ಕಟ್ಟಬೇಕೆಂದು ಗಡುವಿನೊಳಗೆ ಅರ್ಜಿ ಕೊಟ್ಟೆವು. ಆಮೇಲೆ ಕಾಯುವುದೊಂದೇ ಕೆಲಸ. ದೂರದಲ್ಲಿ ಜಲ್ಲಿ ಸುರಿಯುವ ಸದ್ದಾದರೂ ಬಾವಿಯ ಹತ್ತಿರ ಓಡುತ್ತಿದ್ದೆ. ಬಾವಿ ಮುಚ್ಚಿಬಿಟ್ಟರೆ ಕೋರ್ಟಿಗೆ ಏನನ್ನು ತೋರಿಸುವುದು?

ರಸ್ತೆ ಇನ್ನೂ ನಮ್ಮ ಹೊಲ ಮುಟ್ಟದಿರುವಾಗಲೇ, ಸ್ಥಳ ನೋಡಲು ಕೋರ್ಟು ನೇಮಿಸಿದ ಕಮಿಷನರು ಬಂದರು. ಎತ್ತು ಇಳಿಯುವ ಇಳಿಜಾರಿನ ತುಂಬ ಹುಲ್ಲು ಬೆಳೆದಿತ್ತು. “ಇಲ್ಲಿ ಕಪಿಲೆ ಹೊಡೀತಿದ್ರಿ ಅನ್ನೋದಕ್ಕೆ ಏನಿದೆ?” ಎಂದರು. ಅಪ್ಪ ಕೊಟ್ಟಿಗೆಯ ಸಾಮಾನು ತೋರಿಸಿದ. ಅದು ಯಾವ ಬಾವಿಯದಾದರೂ ಆಗಿರಬಹುದಲ್ಲ ಎಂದು ಜೊತೆಗೆ ಬಂದಿದ್ದ ಸರ್ಕಾರದ ವಕೀಲ ನಕ್ಕ.

ನನಗೆ ತಡೆಯಲಾಗಲಿಲ್ಲ. ಆ ಕಪಿಲೆ ಎಳೆಯುತ್ತಿದ್ದ ನಮ್ಮ ಎತ್ತುಗಳನ್ನು ಗೂಟದಿಂದ ಬಿಚ್ಚತೊಡಗಿದೆ.

“ಅಗ್ಗ ಕಟ್ಟಿಲ್ಲ, ಚೀಲ ಕಟ್ಟಿಲ್ಲ, ಅವೇನ್ ಮಾಡ್ತಾವಮ್ಮಾ? ಮಾನ ಓಯ್ತದೆ, ಬ್ಯಾಡ,” ಅಂದ ಅಪ್ಪ.

“ಓಗೋದಕ್ಕೆ ಇನ್ನೇನೈತೆ? ಸುಮ್ಕಿರಪ್ಪ ನೀನು!”

ನೊಗ ಹೂಡಿ ಬಾವಿಯ ದಡದಲ್ಲಿ ನಿಲ್ಲಿಸಿ, ಕೈ ಬಿಟ್ಟು ಸರಿದು ನಿಂತೆ. ಎಡಗಡೆಯದು ಹುಲ್ಲಿಗೆ ಬಾಯಿ ಹಾಕಿತು. ಆಮೇಲೆ ಎರಡೂ ತಲೆ ತಗ್ಗಿಸಿ ಇಳಿಜಾರಿನಲ್ಲಿ ಇಳಿದವು. ತುದಿಗೆ ಹೋಗಿ, ಮೇಲೆ ಚೀಲದ ನೀರು ಕಾಲುವೆಗೆ ಬೀಳುವಷ್ಟು ಹೊತ್ತು ನಿಂತವು. ಯಾರೂ ಏನೂ ಹೇಳದೆ ಹಿಂದುಹಿಂದಕ್ಕೆ ಕಾಲಿಡುತ್ತ ದಡಕ್ಕೆ ಹತ್ತಿ ಬಂದವು.

ಕಮಿಷನರು ಇನ್ನೊಂದು ಸಲ ನೋಡಬೇಕೆಂದರು. ಎತ್ತುಗಳು ಅವರ ಮಾತು ಮುಗಿಯುವ ಮೊದಲೇ ಇಳಿಯುತ್ತಿದ್ದವು.

ಕೋರ್ಟು ಬಾವಿಗೆ ಬೆಲೆ ಕಟ್ಟಿತು, ಉಳಿದ ಹೊಲದ ನಷ್ಟವನ್ನೂ ಸೇರಿಸಿತು. ಹೊಸ ಬಾವಿ ತೋಡಿಸಿದೆವು. ಹಳೆಯದಕ್ಕೆ ಮಣ್ಣು ಸುರಿಯುವ ದಿನ ಅಪ್ಪ ಎತ್ತುಗಳನ್ನು ಊರಾಚೆಗೆ ಹೊಡೆದುಕೊಂಡು ಹೋದ. ಅವು ನೋಡಬಾರದಂತೆ.