ಕರೆಯದೇ ಬರುವವಳು

ಹಲ್ಲಿನ ಆಸ್ಪತ್ರೆಯ ಗಾಜಿನ ಬಾಗಿಲ ಪಕ್ಕ, ಮೇಜಿನ ಹಿಂದೆ ಕೂರುವ ಹುಡುಗಿಗೆ ಆ ಕಟ್ಟಡದವರೆಲ್ಲ ಸೇರಿ ಇಟ್ಟ ಹೆಸರು ಟೋಕನ್. ಯಾರನ್ನು ಯಾವಾಗ ಒಳಗೆ ಕಳಿಸಬೇಕು, ಯಾರನ್ನು ಎಷ್ಟು ಕಾಯಿಸಿದರೂ ರೇಗುವುದಿಲ್ಲ, ಯಾರಿಗೆ "ಇನ್ನೇನು ನಿಮ್ಮದೇ" ಎಂದು ಎರಡು ಸಲ ಹೇಳಿ ಪಾರಾಗಬಹುದು ಎಂಬುದೆಲ್ಲ ಅವಳಿಗೆ ಕರಗತ. ದವಡೆ ಹಿಡಿದು ನರಳುತ್ತ ಬಂದವರು ಕೂಡ ಅವಳ ಮುಂದೆ ತೆಪ್ಪಗೆ ಕೂರುತ್ತಿದ್ದರು. ಹಲ್ಲು ಕೀಳುವುದರಲ್ಲಿ ಡಾಕ್ಟರಮ್ಮ ಎತ್ತಿದ ಕೈಯಾದರೆ, ಹೊತ್ತು ಹಂಚುವುದರಲ್ಲಿ ಟೋಕನ್.

ಅವಳ ಗುಟ್ಟು ದೊಡ್ಡದೇನಲ್ಲ. ಹೆಸರು ಬರೆಸಿದವರೆಲ್ಲ ಬರುವುದಿಲ್ಲ. ನೋವು ನಿಂತಿತೆಂದು ಒಬ್ಬರು, ನೆಂಟರು ಬಂದರೆಂದು ಇನ್ನೊಬ್ಬರು ಕೈಕೊಡುತ್ತಾರೆ. ಹಲ್ಲು ಕೊರೆಯುವ ಸದ್ದು ನೆನೆದೇ ಮೆಟ್ಟಿಲಿಂದ ವಾಪಸಾಗುವವರೂ ಉಂಟು. ಹಾಗಾಗಿ ನಾಲ್ವರ ಜಾಗಕ್ಕೆ ಆರು ಹೆಸರು ಹಿಡಿದಿಟ್ಟುಕೊಳ್ಳಬೇಕು. ಹೊಸಬರಿಗೆ ಮುಂಚೆಯೇ ಹೇಳಿ, ಆಮೇಲೆ ಫೋನ್ ಮಾಡಿ ನೆನಪಿಸಬೇಕು. ಹಳಬರಿಗೆ ಆ ಗೋಜಿಲ್ಲ. ಅವರು ಹೇಗೂ ಬರುತ್ತಾರೆ.

ಎದುರು ಸಾಲಿನ ಕನ್ನಡಕದಂಗಡಿಯ ಹುಡುಗನೊಂದಿಗೆ ಮದುವೆ ಗೊತ್ತಾದಾಗ, ಟೋಕನ್ ಈ ವಿದ್ಯೆಯನ್ನು ಆಸ್ಪತ್ರೆಯಲ್ಲೇ ಬಿಟ್ಟು ಬರಬಹುದಿತ್ತು. ಬರಲಿಲ್ಲ. ಮದುಮಗಳ ಪಕ್ಕದಲ್ಲಿ ಒಂದೇ ಬಣ್ಣದ ಉಡುಪು ತೊಟ್ಟು ಗೆಳತಿಯರು ಸಾಲಾಗಿ ನಿಲ್ಲಬೇಕೆಂಬುದು ಅವಳ ಆಸೆ. ಗೊತ್ತುಮಾಡಿದ ಛತ್ರದ ವೇದಿಕೆಯೋ ಪುಟ್ಟದು. ನಾಲ್ವರು ನಿಂತರೆ ಹೆಚ್ಚು. ಮದುವೆಗೆ ಇನ್ನೂ ಅರ್ಧ ವರ್ಷ ಇರುವಾಗಲೇ ಅವಳು ಆರು ಮಂದಿಗೆ ಹೇಳಿಬಿಟ್ಟಳು.

"ಯಾಕೆ ಇಷ್ಟು ಅವಸರ? ಅಷ್ಟರಲ್ಲಿ ಇವರಲ್ಲಿ ಯಾರ ಜೊತೆ ಮಾತು ಬಿಟ್ಟಿರ್ತೀಯೋ," ಎಂದಳು ಅಮ್ಮ.

"ಅದಕ್ಕೇ ಅಮ್ಮ ಆರು ಜನ."

ಒಬ್ಬಳಿಗೆ ಬೇರೆ ಊರಿಗೆ ವರ್ಗವಾಗಬಹುದು, ಒಬ್ಬಳು ಬಸುರಿಯಾಗಬಹುದು, ಚಿಕ್ಕಪ್ಪನ ಮಗಳಂತೂ ಬಣ್ಣ ಹಿಡಿಸಲಿಲ್ಲವೆಂದು ಮುನಿಸಿಕೊಳ್ಳುವುದು ಖಂಡಿತ ಎಂದು ಟೋಕನ್ ನೆಮ್ಮದಿಯಾಗಿದ್ದಳು. ತಿಂಗಳುಗಳು ಉರುಳಿದವು. ವರ್ಗವಾಗಬೇಕಿದ್ದವಳಿಗೆ ಆಗಲಿಲ್ಲ. ಬಸುರಿಯಾಗಬೇಕಿದ್ದವಳು ವ್ಯಾಯಾಮಶಾಲೆಗೆ ಸೇರಿ ಇನ್ನಷ್ಟು ಸಣ್ಣಗಾದಳು. ಚಿಕ್ಕಪ್ಪನ ಮಗಳು ಆ ತಿಳಿಹಸಿರು ತನಗಾಗಿಯೇ ಹುಟ್ಟಿದ ಬಣ್ಣವೆಂದು ಎಲ್ಲರೆದುರು ಹೇಳಿಕೊಂಡು ತಿರುಗಿದಳು. ಹಲ್ಲುನೋವಿನಿಂದ ತಪ್ಪಿಸಿಕೊಳ್ಳುವ ಜನ ಮದುವೆಯಿಂದ ತಪ್ಪಿಸಿಕೊಳ್ಳುವುದಿಲ್ಲ ಎಂಬ ಸಣ್ಣ ಸಂಗತಿ ಅವಳ ಲೆಕ್ಕಕ್ಕೆ ಸಿಕ್ಕಿರಲಿಲ್ಲ.

ಈ ಆರರಲ್ಲಿ ಸೂಜಿ ಇರಲಿಲ್ಲ.

ಸೂಜಿ ಎಂದರೆ ಅದೇ ಕಟ್ಟಡದ ಕೆಳಗೆ, ಮೆಟ್ಟಿಲ ಅಡಿಯ ಕೋಣೆಯಲ್ಲಿ ಹೊಲಿಗೆ ಯಂತ್ರ ಇಟ್ಟುಕೊಂಡವಳು. ಶಾಲೆಯಲ್ಲಿ ಕಡ್ಡಿಯಂತಿದ್ದುದಕ್ಕೆ ಬಿದ್ದ ಹೆಸರು ಅದು. ಕಸುಬು ಆಮೇಲೆ ಬಂತು. ಟೋಕನ್‌ಗೂ ಅವಳಿಗೂ ಒಂದೇ ಬೆಂಚು, ಒಂದೇ ಡಬ್ಬಿಯ ಊಟ, ಒಟ್ಟಿಗೆ ತಿಂದ ಪೆಟ್ಟು. ಈಗ ಸೂಜಿಗೆ ಎಂಟು ತಿಂಗಳ ಮಗಳು. ಚೂರುಬಟ್ಟೆ ತುಂಬಿದ ದೊಡ್ಡ ಬುಟ್ಟಿಯೇ ಅವಳ ತೊಟ್ಟಿಲು. ಯಂತ್ರ ಓಡುತ್ತಿದ್ದರೆ ಮಲಗಿರುತ್ತಿದ್ದಳು, ನಿಂತರೆ ಎದ್ದು ಅಳುತ್ತಿದ್ದಳು. ಇದರಿಂದ ಸೂಜಿಯ ಕೆಲಸ ಎಂದೂ ತಡವಾಗಿದ್ದಿಲ್ಲ.

ಸೂಜಿಯನ್ನು ಕರೆಯಬೇಕೆಂದು ಟೋಕನ್‌ಗೆ ಅನ್ನಿಸಲೇ ಇಲ್ಲ. ಅವಳು ಹಳಬಳು. ಹೇಗೂ ಬರುತ್ತಾಳೆ. ತಿಳಿಹಸಿರು ಬಟ್ಟೆಯ ಇಡೀ ತಾನನ್ನು ತಂದು ಅವಳ ಮೇಜಿನ ಮೇಲೆ ಹಾಕಿ, "ಎಲ್ಲ ನಿನ್ನ ಕೈಲಿ ಬಿಟ್ಟಿದ್ದೀನಿ," ಎಂದಳು. ಕರೆದದ್ದಕ್ಕಿಂತ ಇದು ಹೆಚ್ಚಲ್ಲವೇ ಎಂದುಕೊಂಡಳು. ಆಮೇಲೆ ಆರು ಗೆಳತಿಯರೂ ಒಬ್ಬೊಬ್ಬರಾಗಿ ಅಳತೆ ಕೊಡಲು ಬಂದರು. ಔಷಧಿ ಅಂಗಡಿಯವಳು ತೋಳು ಗಿಡ್ಡವಿರಲಿ ಎಂದಳು. ಚಿಕ್ಕಪ್ಪನ ಮಗಳು ಕುತ್ತಿಗೆ ಇನ್ನೂ ಇಳಿಯಲಿ ಎಂದಳು. ಸೂಜಿ ಎಲ್ಲರ ಅಳತೆಯನ್ನೂ ಹಿಡಿದಳು. ಅವಳ ಅಳತೆಯನ್ನು ಯಾರೂ ಕೇಳಲಿಲ್ಲ.

ಮದುವೆ ಹತ್ತಿರವಾದಾಗ ಟೋಕನ್ ತನ್ನ ಉಡುಪು ತೊಟ್ಟು ನೋಡಲು ಕೆಳಗಿಳಿದಳು. ಕನ್ನಡಿಯ ಮುಂದೆ ನಿಂತಾಗ ಸೂಜಿ, "ಸ್ವಲ್ಪ ತಿರುಗಿ ಮೇಡಂ," ಎಂದಳು.

ಟೋಕನ್ ನಕ್ಕಳು. ಸೂಜಿ ನಗಲಿಲ್ಲ. ಬಾಯಲ್ಲಿ ಗುಂಡುಪಿನ್ನುಗಳಿದ್ದವು, ಅದಕ್ಕೇ ಇರಬೇಕು ಎಂದುಕೊಂಡು ಟೋಕನ್ ಮಾತು ಬದಲಿಸಿದಳು. "ನಿಂದು ಯಾವಾಗ ಹೊಲ್ಕೋತೀಯೇ? ಕೊನೇ ಗಳಿಗೆವರೆಗೂ ಇಟ್ಕೋಬೇಡ."

ಸೂಜಿ ಪಿನ್ನುಗಳನ್ನು ಒಂದೊಂದಾಗಿ ಬಾಯಿಂದ ತೆಗೆದು ದಿಂಬಿಗೆ ಚುಚ್ಚಿದಳು. ಅದಕ್ಕೆ ಸಾಕಷ್ಟು ಹೊತ್ತು ಹಿಡಿಯಿತು.

"ನಂದು ಯಾವ್ದು?"

"ಪಕ್ಕದಲ್ಲಿ ನಿಲ್ಲೋಕೆ."

"ನನ್ನ ಯಾರು ಕರೆದ್ರು?"

"ನಿನ್ನನ್ನೂ ಕರೀಬೇಕೇನೇ?"

"ಹೆಸರು ಬರೆಸ್ದೇ ಬಂದೋರ್ನ ನಿನ್ನ ಆಸ್ಪತ್ರೇಲಿ ಎಲ್ಲಿ ಕೂರಿಸ್ತೀಯ?"

ಅಂಥವರಿಗೆಂದೇ ಆಸ್ಪತ್ರೆಯ ಬಾಗಿಲ ಹೊರಗೆ, ಫ್ಯಾನಿಲ್ಲದ ಕಡೆ, ಒಂದು ಕಾಲು ಅಲುಗಾಡುವ ಬೆಂಚಿತ್ತು.

ಸೂಜಿ ಕೆಳಗೆ ಕೂತು ಅಂಚು ಮಡಿಸತೊಡಗಿದಳು. ಮುಖ ಕಾಣದಿದ್ದುದರಿಂದಲೋ ಏನೋ ಮಾತು ಸಲೀಸಾಗಿ ಬಂತು. ಹಸಿರು ಬಟ್ಟೆ ಬಂದ ದಿನವೇ ತನಗೊಂದು ತುಂಡು ಕತ್ತರಿಸಿ ಕಪಾಟಿನಲ್ಲಿ ಇಟ್ಟುಕೊಂಡಿದ್ದಳಂತೆ. ಇವತ್ತು ಕರೀತಾಳೆ, ನಾಳೆ ಕರೀತಾಳೆ ಎಂದು ಕಾದಳಂತೆ. ಚಿಕ್ಕಪ್ಪನ ಮಗಳು ಕುಚ್ಚು, ನೆರಿಗೆ ಎಂದೆಲ್ಲ ಸೇರಿಸಿ ಬಟ್ಟೆ ಸಾಲದೆ ಬಂದಾಗ, ಆ ತುಂಡನ್ನೇ ತೆಗೆದು ಅವಳ ನೆರಿಗೆಗೆ ಹಾಕಿದಳಂತೆ.

"ಮಗು ಇದೆ ಅಂತ ಬಿಟ್ಯಾ?" ಎಂದು ಸೂಜಿ ಅಂಚಿನಿಂದ ತಲೆ ಎತ್ತದೆ ಕೇಳಿದಳು.

"ಛೆ, ಇಲ್ಲ."

ಯಂತ್ರ ನಿಂತು ಬಹಳ ಹೊತ್ತಾಗಿತ್ತು. ಬುಟ್ಟಿಯಲ್ಲಿ ಮಗು ಎದ್ದು ಅಳತೊಡಗಿತು. ಸೂಜಿ ಅದನ್ನು ಸೊಂಟಕ್ಕೇರಿಸಿಕೊಂಡು, "ಮಂಗಳವಾರ ರೆಡಿ ಇರುತ್ತೆ ಮೇಡಂ," ಎಂದಳು.

ಮೇಲೆ ಬಂದು ಕೂತ ಟೋಕನ್ ಆ ಮಧ್ಯಾಹ್ನ ಕಟ್ಟಿದ ಹಲ್ಲು ಪಡೆಯಲು ಬಂದ ತಾತನನ್ನು ಹಲ್ಲು ಕೀಳುವ ಕುರ್ಚಿಗೆ ಕಳಿಸಿದಳು. ಕೀಳಲು ಒಂದೂ ಹಲ್ಲಿಲ್ಲದ ಬಾಯಿ ನೋಡಿ ಡಾಕ್ಟರಮ್ಮ, "ಇವತ್ತು ನಿನ್ನ ತಲೆ ಎಲ್ಲಿದೆ?" ಎಂದು ಕೇಳಿದರು. ತಲೆ ಮೆಟ್ಟಿಲ ಅಡಿಯ ಕೋಣೆಯಲ್ಲಿತ್ತು. "ಛೆ, ಇಲ್ಲ" ಎಂದದ್ದು ಪೂರ್ತಿ ನಿಜವಲ್ಲ. ಸೂಜಿ ನಿಂತರೆ ಮಗು ಅಳುತ್ತದೆ, ಹಸಿರು ಉಡುಪಿನ ಮೇಲೆ ಜೊಲ್ಲು ಸುರಿಸುತ್ತದೆ, ಫೋಟೋ ಕೆಡುತ್ತದೆ ಎಂದು ಒಮ್ಮೆ ಮನಸ್ಸಿಗೆ ಬಂದಿತ್ತು. ಬಂದದ್ದನ್ನು ಒಪ್ಪಿಕೊಳ್ಳಲಾರದೆ, ಹಳಬರನ್ನು ಕರೆಯಬೇಕಿಲ್ಲ ಎಂಬ ನಿಯಮದ ಕೆಳಗೆ ಅದನ್ನು ಮಡಿಸಿಟ್ಟಿದ್ದಳು.

ಆಸ್ಪತ್ರೆ ಮುಚ್ಚಿದ ಮೇಲೆ ಅವಳು ಮತ್ತೆ ಕೆಳಗಿಳಿದಳು. ಸೂಜಿ ಯಾರದೋ ಪ್ಯಾಂಟಿನ ಕಾಲು ಗಿಡ್ಡ ಮಾಡುತ್ತಿದ್ದಳು.

"ಸೂಜಿ, ಒಂದು ಮಾತು."

"ಕೈಲಿ ಕೆಲಸ ಇದೆ. ಕೂತಿರು. ಇನ್ನೇನು ನಿಂದೇ."

ಗೋಡೆ ಬದಿಯ ಮುಕ್ಕಾಲಿಯ ಮೇಲೆ ಟೋಕನ್ ಕೂತಳು. ಒಂದು ಕಾಲು ಮುಗಿಯಿತು. ಇನ್ನೊಂದು ಕಾಲನ್ನು ಸೂಜಿ ಎಂದೂ ಇಲ್ಲದ ಅಚ್ಚುಕಟ್ಟಿನಿಂದ ಹೊಲಿದಳು, ಹೊಲಿದದ್ದನ್ನು ಬಿಚ್ಚಿ ಮತ್ತೆ ಹೊಲಿದಳು. ನಡುವೆ ಒಮ್ಮೆ ಕತ್ತೆತ್ತಿ, "ಇನ್ನೇನು ನಿಂದೇ," ಎಂದಳು. ಕಾಯುವವರ ಎದುರು ಗೋಡೆಯಲ್ಲಿ ನೋಡಲು ಏನಾದರೂ ಇರಬೇಕು ಎಂದು ಟೋಕನ್‌ಗೆ ಮೊದಲ ಸಲ ಹೊಳೆಯಿತು. ಮಗು ತೆವಳುತ್ತ ಬಂದು ಅವಳ ಚಪ್ಪಲಿಯ ಪಟ್ಟಿ ಜಗ್ಗಿತು. ಎತ್ತಿ ತೊಡೆಯ ಮೇಲೆ ಕೂರಿಸಿಕೊಂಡಳು. ಅದು ಅವಳ ತೋಳಿಗೆ ಧಾರಾಳವಾಗಿ ಜೊಲ್ಲು ಸುರಿಸಿತು.

ಯಂತ್ರ ನಿಂತಿತು. "ಹೇಳು."

"ಮಗು ಅಳುತ್ತೆ, ಫೋಟೋ ಕೆಡುತ್ತೆ ಅಂತಾನೂ ಅನ್ನಿಸಿತ್ತು," ಎಂದಳು ಟೋಕನ್. "ಈಗ ಕರೀತಿದ್ದೀನಿ. ನನ್ನ ಪಕ್ಕ ನಿಂತ್ಕೋ. ಇಬ್ಬರೂ."

ಸೂಜಿ ದಾರ ಕಚ್ಚಿ ತುಂಡರಿಸಿದಳು. "ಹಸಿರು ಬಟ್ಟೆ ಇಲ್ಲ."

"ಯಾವ್ದಾದ್ರೂ ಹಾಕ್ಕೋ."

"ನೋಡ್ತೀನಿ, ಅವತ್ತು ಬಿಡುವಿದ್ರೆ," ಎಂದಳು ಸೂಜಿ. ಮಗುವನ್ನು ಎತ್ತಿಕೊಳ್ಳಲು ಬಗ್ಗಿದಾಗ ಮಾತ್ರ ಸೇರಿಸಿದಳು, "ಆ ತೋಳು ಒರೆಸ್ಕೋಳೇ, ಅಸಹ್ಯ."

ಮೇಡಂ ಎನ್ನಲಿಲ್ಲ. ಟೋಕನ್ ಕೋಣೆ ದಾಟಿ ಬೀದಿಗೆ ಬರುವವರೆಗೂ ತೋಳು ಒರೆಸಿಕೊಳ್ಳಲಿಲ್ಲ.

ಮದುವೆಯ ದಿನ ಆರೂ ಮಂದಿ ಎಲ್ಲರಿಗಿಂತ ಮುಂಚೆ ಬಂದರು. ಯಾರೊಬ್ಬರೂ ತಪ್ಪಿಸಿಕೊಳ್ಳಲಿಲ್ಲ. ನಾಲ್ವರ ವೇದಿಕೆಯ ಮೇಲೆ ಮೊಣಕೈ ಮೊಣಕೈಗೆ ತಾಗಿಸಿ ನಿಂತಿದ್ದರು. ಸೂಜಿ ತಡವಾಗಿ ಬಂದಳು, ಇಟ್ಟಿಗೆ ಬಣ್ಣದ ಉಡುಪಿನಲ್ಲಿ, ಸೊಂಟದ ಮೇಲೆ ಮಗಳನ್ನು ಕೂರಿಸಿಕೊಂಡು. ಫೋಟೋದವನು ಕಣ್ಣು ಕಿರಿದು ಮಾಡಿ ನೋಡಿದ.

"ಅಕ್ಕ, ಆ ಬೇರೆ ಬಣ್ಣದೋರು ಒಂಚೂರು ಕೆಳಗಿಳೀರಿ. ಜಾಗ ಸಾಲ್ತಿಲ್ಲ."

ಸೂಜಿ ಇಳಿಯಲು ಕಾಲು ತೆಗೆದಳು. ಟೋಕನ್ ಅವಳ ಮೊಣಕೈ ಹಿಡಿದುಕೊಂಡಳು. ಆಮೇಲೆ ವರ್ಷಗಟ್ಟಲೆ ಪಳಗಿದ, ದವಡೆನೋವಿನವರನ್ನೂ ತೆಪ್ಪಗಾಗಿಸುವ ದನಿಯಲ್ಲಿ ಹಸಿರಿನವರ ಕಡೆ ತಿರುಗಿದಳು.

"ನೀವೆಲ್ಲ ಒಂದೈದು ನಿಮಿಷ ಕೆಳಗೆ ಕೂತಿರಿ. ಮೊದಲು ಇವಳದ್ದು. ಆಮೇಲೆ ನಿಮ್ಮದೇ."

ಆರು ಮಂದಿಯೂ ಇಳಿದು ಮೊದಲ ಸಾಲಿನ ಕುರ್ಚಿಗಳಲ್ಲಿ ಕೂತರು. ಚಿಕ್ಕಪ್ಪನ ಮಗಳು ಅಂದು ಊದಿಸಿಕೊಂಡ ಮುಖ ಇವತ್ತಿಗೂ ಇಳಿದಿಲ್ಲ. ಫೋಟೋದಲ್ಲಿ ಮಗು ಬಾಯಿ ತೆರೆದು ಅಳುತ್ತಿದೆ. ಎರಡು ಹಲ್ಲು ಚೆನ್ನಾಗಿ ಕಾಣುತ್ತವೆ.