ಹಲ್ಲು ನೋಡಿ ಕಟ್ಟಿದ ನೆಂಟಸ್ತಿಕೆ

ಮೊನ್ನೆ ಶಾಲೆಯ ಬೀರು ತೆರೆದಾಗ ಸತ್ತ ಪ್ರಾಣಿಗಳನ್ನು ಕೆಡದಂತೆ ಇಡುವ ಫಾರ್ಮಲಿನ್ ವಾಸನೆ ಮೂಗಿಗೆ ಬಡಿದು ಕಣ್ಣಲ್ಲಿ ನೀರು ಬಂತು. ವಾಸನೆಗೋ, ನೆನಪಿಗೋ... ಹೊಳೆನರಸೀಪುರದ ಕಾಲೇಜಿನಲ್ಲಿ ನಮಗೆ ಪ್ರಾಣಿಶಾಸ್ತ್ರ ಹೇಳಿಕೊಟ್ಟ ಮೇಷ್ಟ್ರು ಎದುರಿಗೇ ಬಂದು ನಿಂತಂತಾಯಿತು.

ತೊಂಬತ್ತರ ದಶಕದ ನಡುವೆ ನಾನು ಅಲ್ಲಿ ಚಿಕ್ಕಮ್ಮನ ಮನೆಯಲ್ಲಿದ್ದುಕೊಂಡು ಬಿ.ಎಸ್ಸಿ. ಓದುತ್ತಿದ್ದೆ. ಒಂದು ದಿನ ಮೇಷ್ಟ್ರು ಮೆಸೊನಿಕಿಡ್ ಎಂಬ ಪ್ರಾಣಿಗಳ ಪಾಠ ಮಾಡಿದರು. ತೋಳದಂಥ ಮೈ, ಬೆರಳ ತುದಿಗೆ ಗೊರಸು, ತಿನ್ನುವುದು ಮಾತ್ರ ಮಾಂಸ. ಅವುಗಳ ವಂಶ ಅಳಿದು ಕೋಟ್ಯಂತರ ವರ್ಷಗಳಾಗಿವೆ. ಹಲ್ಲಿನ ಹೋಲಿಕೆ ನೋಡಿ ತಿಮಿಂಗಿಲದ ಪೂರ್ವಜರು ಇವೇ ಎಂದು ಬೋರ್ಡಿನ ಮೇಲೆ ವಂಶವೃಕ್ಷ ಬರೆದರು. ನನ್ನ ಬಾಯಿ ಸುಮ್ಮನಿರಬೇಕಲ್ಲ!

“ಹಲ್ಲು ಒಂದೇ ತರ ಇದ್ಬುಟ್ರೆ ನೆಂಟ್ರಾಗ್ಬುಡ್ತಾರಾ ಸಾ?”

ಇಡೀ ಕ್ಲಾಸು ಗೊಳ್ಳೆಂದು ನಕ್ಕಿತು. ಮೇಷ್ಟ್ರ ಮುಖ ಕೆಂಪಾಯಿತು. “ಎಲ್ಲರ ಮುಂದೆ ತಪ್ಪಾಯ್ತು ಅನ್ನೋವರೆಗೂ ಪ್ರಾಕ್ಟಿಕಲ್ಸ್‌ಗೆ ಕಾಲಿಡಬೇಡ” ಎಂದರು. ನಾನು ತಮಾಷೆಗೆ ಕೇಳಿರಲಿಲ್ಲ, ನಿಜವಾಗಿ ಅನುಮಾನ ಬಂದಿತ್ತು. ಮೂರು ದಿನ ಹಟ ಹಿಡಿದೆ. ಪರೀಕ್ಷೆ ಹತ್ತಿರವಿತ್ತು, ನಾಲ್ಕನೆಯ ದಿನ ಎದ್ದು ನಿಂತು “ತಪ್ಪಾಯ್ತು ಸಾ” ಎಂದೆ. ಆ ಅವಮಾನ ಮಾತ್ರ ಒಳಗೇ ಉಳಿಯಿತು.

ಹತ್ತು ಹನ್ನೆರಡು ವರ್ಷ ಕಳೆದಿರಬೇಕು. ನಾನು ದುದ್ದದ ಹೈಸ್ಕೂಲಿನಲ್ಲಿ ಪಾಠ ಮಾಡುತ್ತಿದ್ದೆ. ಬಾಗಿಲಲ್ಲಿ ಮೇಷ್ಟ್ರು! ನಿವೃತ್ತರಾಗಿದ್ದರು, ಮಂಡಿ ಹಿಡಿದುಕೊಂಡು ಕುಂಟುತ್ತಿದ್ದರು. ಒಳಗೆ ಬಂದವರೇ ಮಕ್ಕಳ ಕಡೆ ತಿರುಗಿದರು.

“ನಿಮ್ಮ ಮಿಸ್ಸು ಅವತ್ತು ಕೇಳಿದ್ದೇ ಸರಿ ಕಣ್ರೋ. ತಿಮಿಂಗಿಲಕ್ಕೆ ಕಾಲಿದ್ದಾಗಿನ ಮೂಳೆ ಸಿಕ್ಕಿದೆ. ಅದು ನೀರಾನೆ, ಹಸುಗಳ ಕಡೇದಂತೆ. ಆ ಮೆಸೊನಿಕಿಡ್‌ಗಳನ್ನ ಯಾವ ಗುಂಪಿಗೆ ಸೇರಿಸ್ಬೇಕು ಅಂತ ಈಗ ದೊಡ್ಡ ದೊಡ್ಡೋರಿಗೇ ಗೊತ್ತಾಗ್ತಿಲ್ಲ.” ಆಮೇಲೆ ನನ್ನ ಕಡೆ ನೋಡಿ, “ತಪ್ಪಾಯ್ತಮ್ಮ” ಎಂದರು.

ಹಳೆಯ ಸಿಟ್ಟು ಉಕ್ಕಿ ಬಂತು. “ಇರ್ಲಿ ಬುಡಿ ಸಾ, ಪಾಠ ಅರ್ಧಕ್ಕೆ ನಿಂತದೆ” ಎಂದು ಬೋರ್ಡಿಗೆ ಮುಖ ಮಾಡಿದೆ. ತಿರುಗಿ ನೋಡುವಷ್ಟರಲ್ಲಿ ಅವರು ಗೇಟು ದಾಟಿದ್ದರು. ಎರಡು ವರ್ಷಕ್ಕೆ ಚಿಕ್ಕಮ್ಮ ಫೋನ್ ಮಾಡಿ, ಮೇಷ್ಟ್ರು ಹೋಗಿಬಿಟ್ಟರು ಅಂದಳು...

ಈಗ ನನ್ನ ತಲೆಯೂ ನರೆತಿದೆ. ಕಳೆದ ವಾರ ಒಬ್ಬ ಹುಡುಗಿ ಕ್ಲಾಸಿನಲ್ಲೇ ನನ್ನ ತಪ್ಪು ತೋರಿಸಿದಳು. ಒಪ್ಪಿಕೊಳ್ಳಲು ನಾಲಿಗೆ ಏಳಲಿಲ್ಲ. ಮಾರನೆಯ ದಿನ ತಪ್ಪಾಯ್ತು ಎಂಬ ಅದೊಂದು ಮಾತು ಹೇಳುವಷ್ಟರಲ್ಲಿ ಸಾಕುಸಾಕಾಯಿತು. ಮೇಷ್ಟ್ರು ಅದೇ ಮಾತು ಹೇಳಲು, ಆ ಮಂಡಿಯಲ್ಲಿ, ಹಾಸನದಲ್ಲಿ ಬಸ್ಸು ಬದಲಿಸಿ ದುದ್ದದವರೆಗೆ ಬಂದಿದ್ದರು.

“ಕೂತ್ಕಳಿ ಸಾ” ಅಂತಲೂ ನಾನು ಅನ್ನಲಿಲ್ಲ.