ಮುನಿಶಾಮಣ್ಣನ ಎರಡು ನಿಮಿಷದ ಸಿನಿಮಾ

ಮುನಿಶಾಮಣ್ಣ ಹೆದರುತ್ತಿದ್ದುದು ಒಂದಕ್ಕೇ: ನಿದ್ದೆಗೆ. ಶಿಡ್ಲಘಟ್ಟದ ನಮ್ಮ ಟೆಂಟು ಸಿನಿಮಾದಲ್ಲಿ ಆತ ಪ್ರೊಜೆಕ್ಟರ್ ನಡೆಸುವ ಆಪರೇಟರು; ಎರಡು ಮಕ್ಕಳ ತಂದೆಯಾದ ನಾನು ಬಾಗಿಲಲ್ಲಿ ಟಿಕೆಟ್ಟು ಹರಿಯುವ ಘನವಾದ ಹುದ್ದೆಯಲ್ಲಿದ್ದೆ. ಕಣ್ಣೆಳೆದಾಗಲೆಲ್ಲ ಆತ ಹಸಿಮೆಣಸಿನಕಾಯಿ ಕಚ್ಚುತ್ತಿದ್ದ. ಮೂಗು ಸೊರ್ರೆನ್ನಿಸುತ್ತ, "ಕಾಫಿಗಿಂತ ವಾಸಿ ಕಣಪ್ಪ" ಎಂದು ಅದಕ್ಕೆ ಪ್ರಮಾಣಪತ್ರ ಬೇರೆ ಕೊಡುತ್ತಿದ್ದ.

ಕಾರಣ ಊರಿಗೇ ಗೊತ್ತಿತ್ತು. ಆತನ ಏಳು ವರ್ಷದ ಮಗಳು ಲಕ್ಷ್ಮಿ ಬಾವಿಗೆ ಬಿದ್ದು ಸತ್ತಿದ್ದಳು. ಅಂದಿನಿಂದ ಒಂದೇ ಕನಸು: ಮಗಳು ಇವನ ಮುಖವನ್ನೇ ನೋಡುತ್ತ ಹಿಂದುಹಿಂದಕ್ಕೆ ನಡೆದು ಬಾವಿಗೆ ಇಳಿಯುತ್ತಾಳೆ, ಇವನಿಗೆ ಕಾಲು ಕೀಳಲಾಗುವುದಿಲ್ಲ.

ಕೆಟ್ಟ ಕನಸನ್ನು ಬಾಯಿಬಿಟ್ಟು ಹೇಳಿಬಿಟ್ಟರೆ ಮತ್ತೆ ಬರುವುದಿಲ್ಲವೆಂಬುದು ನಮ್ಮ ಕಡೆಯ ನಂಬಿಕೆ. ಮುನಿಶಾಮಣ್ಣ ಹೆಂಡತಿಗೆ ಹೇಳಿದ, ನನಗೆ ಹೇಳಿದ, ಕೊನೆಗೆ ಟೆಂಟಿನ ಡೀಸೆಲ್ ಎಂಜಿನ್ನಿಗೂ ಹೇಳಿದ. ಕನಸು ಜಗ್ಗಲಿಲ್ಲ.

"ಒಬ್ಬೊಬ್ರಿಗೆ ಹೇಳಿದ್ರೆ ಸಾಲ್ದು. ಟೆಂಟ್ ತುಂಬ ಜನಕ್ಕೆ ತೋರಿಸ್ಬಿಡ್ತೀನಿ," ಎಂದ.

"ಕನಸಿಗೆ ರೀಲೆಲ್ಲಿಂದ ತರ್ತೀಯ, ಮುನಿಶಾಮಣ್ಣ?"

"ಹರಿದಿದ್ದು ಬೇಕಾದಷ್ಟದೆ, ಬಾರಪ್ಪ."

ಫಿಲ್ಮು ಹರಿದಾಗ ಕತ್ತರಿಸಿ ಎಸೆಯಬೇಕಾದ ತುಂಡುಗಳನ್ನು ಆತ ಬಿಸ್ಕತ್ತಿನ ಡಬ್ಬದಲ್ಲಿ ಕೂಡಿಟ್ಟಿದ್ದ. ಯಾವುದೋ ಪೌರಾಣಿಕದ ಬಾವಿ. ಯಾವುದೋ ಸಾಮಾಜಿಕದಲ್ಲಿ ಓಡಿಬರುವ ಹುಡುಗಿ. ಆ ಹುಡುಗಿಯನ್ನು ಒಂದೊಂದೇ ಚಿತ್ರವಾಗಿ ಕತ್ತರಿಸಿ, ಕಡೆಯದು ಮೊದಲು ಬರುವಂತೆ ಅಂಟಿಸಿದ. ಕಪ್ಪು ಫಿಲ್ಮಿನ ಮೇಲೆ ಹೊಲಿಗೆ ಸೂಜಿಯಿಂದ ಗೀರಿ ಗೀರಿ ನೀರು ಬರೆದ. ಎರಡು ನಿಮಿಷದ ಈ ಮಹಾಚಿತ್ರಕ್ಕೆ ಆರು ತಿಂಗಳು ಹಿಡಿಯಿತು.

ಒಂದು ಭಾನುವಾರ ಇಂಟರ್‌ವಲ್ಲಿನಲ್ಲಿ, ಸೋಡ-ಕಡಲೆಕಾಯಿಯ ಗದ್ದಲದ ನಡುವೆ ಅದನ್ನು ಬಿಟ್ಟ.

"ಏಯ್, ರೀಲು ಉಲ್ಟಾ ಹಾಕವ್ನೆ ಕಣ್ರೋ!" ನೆಲದ ಟಿಕೆಟ್ಟಿನವರು ಶಿಳ್ಳೆ ಹೊಡೆದರು.

ಹುಡುಗಿ ಹಿಂದಕ್ಕೆ ಹೋದಳು. ಬಾವಿ ಬಂತು. ಶಿಳ್ಳೆ ನಿಂತಿತು. ಹೆಂಗಸರ ಕಡೆಯಿಂದ ಮುದುಕಿಯೊಬ್ಬಳು, "ಅಯ್ಯೋ, ಪಟ್ಟುಕೋರಾ ಬಿಡ್ಡನಿ!" ಎಂದು ತೆಲುಗಿನಲ್ಲಿ ಚೀರಿದಳು, ಮಗುವನ್ನು ಹಿಡಿಯೋ ಎಂದು. ಹಿಡಿಯಬೇಕಾದವನು ಪ್ರೊಜೆಕ್ಟರಿನ ಹಿಂದೆ ನಿಂತಿದ್ದ.

ಅಂದು ಮಲಗಿದವನು ಮರುದಿನ ಮಧ್ಯಾಹ್ನ ಎದ್ದ. ಕನಸು ಮತ್ತೆ ಬೀಳಲಿಲ್ಲ. ಎರಡು ತಿಂಗಳಿಗೆ ಆತ ಕೆಲಸವನ್ನೂ ಬಿಟ್ಟ.

ಕೊನೆಯ ಸಲ ಕಂಡದ್ದು ಚಿಂತಾಮಣಿಯ ಬಸ್‌ಸ್ಟ್ಯಾಂಡಿನಲ್ಲಿ. "ಈಗ ಸುಖವಾಗಿ ನಿದ್ದೆ ಮಾಡ್ತಿದ್ದೀಯಲ್ಲ," ಎಂದೆ, ದೊಡ್ಡ ವೈದ್ಯನಂತೆ.

"ಮಾಡ್ತೀನಪ್ಪ. ಆದ್ರೆ ಕನಸಿನ ಜೊತೇಲಿ ಅವಳೂ ಹೋದ್ಲು. ಮನೇಲಿ ಅವಳ್ದೊಂದು ಫೋಟೋನೂ ಇಲ್ಲ. ಮುಖ ನೋಡ್ತಿದ್ದಿದ್ದು ಆ ಕನಸಲ್ಲೇ. ಈಗ ಕಣ್ಣು ಮುಚ್ಚಿದ್ರೆ ಆ ಸಿನಿಮಾದ ಹುಡುಗಿ ಬರ್ತಾಳೆ."

ಬಸ್ಸು ಬಂತು. ಹತ್ತಿ ಕೂತವನು ಕಿಟಕಿಯಿಂದ ನನ್ನ ಕೈ ಹಿಡಿದ. "ನೀನು ನೋಡಿದ್ದೆಯಲ್ಲಪ್ಪ ನಮ್ಮ ಲಕ್ಷ್ಮೀನ. ಹೆಂಗಿದ್ಲು, ಹೇಳು."

ಹೇಳಲು ಬಾಯಿ ತೆರೆದೆ. ನನಗೂ ಆ ಸಿನಿಮಾದ ಹುಡುಗಿಯೇ ಕಂಡಳು.